ಕ್ಯಾಮೆರಾಕ್ಕೆ ಕಿವಿಯಿಲ್ಲ

ಬರ್ಲಿನ್, ನಾಯ್‌ಕೋಲ್ನ್
ಗುರುವಾರ, ೧೮ ನವೆಂಬರ್ ೧೯೨೬

ಪ್ರಿಯ ಆಲ್ವಿನ್,

ಪ್ರಿಯ ಎಂದು ಬರೆದದ್ದು ರೂಢಿಗೆ, ಅದರಲ್ಲಿ ಹೆಚ್ಚೇನನ್ನೂ ಹುಡುಕಬೇಡ. ನಿನ್ನ ಮೂರು ಕಾಗದ, ಒಂದು ತಂತಿ, ಗೋರ್ಲಿಟ್ಸ್‌ನಿಂದ ಕಳಿಸಿದ ಸೇತುವೆಯ ಚಿತ್ರದ ಕಾರ್ಡು, ಎಲ್ಲವೂ ತಲುಪಿವೆ. ಉತ್ತರ ತಡವಾಯಿತು, ಕ್ಷಮಿಸು. ಕೆಲಸ ಜಾಸ್ತಿ ಇತ್ತು ಎನ್ನಬಹುದಿತ್ತು, ಇರಲಿಲ್ಲ. ಮೈಯಲ್ಲಿ ಹುಷಾರಿರಲಿಲ್ಲ ಎನ್ನಬಹುದಿತ್ತು, ಗುಂಡುಕಲ್ಲಿನ ಹಾಗಿದ್ದೇನೆ. ದಿನವೂ ಕೆಲಸ ಮುಗಿಸಿ ಬಂದು ಬರೆಯಲು ಕೂರುತ್ತಿದ್ದೆ, ನಾಲ್ಕು ಸಾಲು ಆಗುವಷ್ಟರಲ್ಲಿ ಸಿಟ್ಟು ನೆತ್ತಿಗೇರಿ ಹಾಳೆಯನ್ನು ಒಲೆಗೆ ಹಾಕುತ್ತಿದ್ದೆ. ಮೂರು ವಾರ ಹೀಗೇ ಹೋಯಿತು.

ಇಲ್ಲಿ ಎಲ್ಲ ಮಾಮೂಲು. ಅಡುಗೆಮನೆಯ ಒಲೆ ಮತ್ತೆ ಹೊಗೆ ಕಾರುತ್ತಿದೆ. ನಮ್ಮ ಮನೆಯೊಡತಿ ಫ್ರೌ ರಾಟ್ಕೆ ಈಗ ನನ್ನನ್ನು ಮೆಟ್ಟಿಲ ಮೇಲೆ ಕಂಡರೆ ಸಾಕು, ನಿಲ್ಲಿಸಿಬಿಡುತ್ತಾಳೆ. ಮೊನ್ನೆ ಪೇಪರ್ ಹಿಡಿದುಕೊಂಡು ಬಂದು, ಅಲ್ಪಸ್ವಲ್ಪ ಕೇಳುವ ನನ್ನ ಎಡಗಿವಿಗೆ ಬಾಯಿಟ್ಟು ಕೂಗಿದಳು. "ನಿಮ್ಮ ಯಜಮಾನ್ರ ಫೋಟೋ ಬಂದಿದೆ ನೋಡ್ರಮ್ಮ. ಊರೂರಿಗೂ ಹೋಗಿ ಸ್ಟೇಜ್ ಮೇಲೆ ನಿಂತು ಕತೆ ಹೇಳ್ತಾರಂತೆ. ಆದ್ರೆ ಸಿನಿಮಾದಲ್ಲಿ ಗೆಳೆಯ ಸಾಯೋ ಜಾಗ ಬರೋ ಮುಂಚೆನೇ ಎದ್ದು ಹೊರಗೆ ಹೋಗ್ಬಿಡ್ತಾರಂತೆ, ನೋಡಕ್ಕಾಗಲ್ವಂತೆ. ಎಂಥಾ ಮೆದು ಮನಸ್ಸು ರೀ."

"ಬಹಳ ಮೆದು. ಚಾಕು ಹಾಕಿದ್ರೆ ಬೆಣ್ಣೆ ಥರ ಇಳಿಯತ್ತೆ" ಎಂದೆ. ಅವಳು ಅದನ್ನು ಹೊಗಳಿಕೆ ಎಂದುಕೊಂಡು ತಲೆಯಾಡಿಸಿದಳು.

ನಿನ್ನ ಚಳಿಗಾಲದ ಕೋಟು, ಉಣ್ಣೆಯ ಒಳಅಂಗಿ, ಮನೆಯಲ್ಲಿ ಹಾಕುವ ಚಪ್ಪಲಿ, ಕ್ಷೌರದ ಸಾಮಾನು ಎಲ್ಲವನ್ನೂ ಕಟ್ಟಿ ನೀನು ಮುಂದೆ ಇಳಿಯುವ ಬ್ರೆಸ್ಲೌ ಹೋಟೆಲಿಗೆ ಪಾರ್ಸಲ್ ಮಾಡಿದ್ದೇನೆ. ಕೋಟು ಸಾಕಿತ್ತಲ್ಲ, ಚಪ್ಪಲಿ ಯಾಕೆ ಎಂದು ನೀನು ಕೇಳಬಹುದು. ಕಾಗದ ಪೂರ್ತಿ ಓದಿದರೆ ಅರ್ಥವಾಗುತ್ತದೆ.

ನಾಲ್ಕು ವರ್ಷ ಸಂಸಾರ ಮಾಡಿದ್ದೀಯ. ನಾನು ದಿನಾ ಬೆಳಿಗ್ಗೆ ಸ್ಟುಡಿಯೋಕ್ಕೆ ಹೋಗಿ ಏನು ಮಾಡುತ್ತೇನೆಂದು ಒಂದು ದಿನವಾದರೂ ಕೇಳಿದೆಯಾ? "ಎರ್ನಾ ಅಂಟು ಹಾಕ್ತಾಳೆ" ಎಂದು ಗೆಳೆಯರಿಗೆ ಹೇಳಿ ನಗುತ್ತಿದ್ದೆ. ಹೌದು, ಅಂಟು ಹಾಕುತ್ತೇನೆ. ಬಿಳಿ ಕೈಗವಸು ತೊಟ್ಟು ಕೂತು, ಡೈರೆಕ್ಟರ್ ಗುರುತು ಹಾಕಿದ ಕಡೆ ಫಿಲ್ಮ್ ಕತ್ತರಿಸಿ, ಬ್ಲೇಡಿನಿಂದ ಅಂಚು ಹೆರೆದು, ಅಂಟು ಸವರಿ, ಇನ್ನೊಂದು ತುಂಡಿಗೆ ಕೂಡಿಸುತ್ತೇನೆ. ಯಾರಾದರೂ ಪರದೆಯ ಮೇಲೆ ಮಾತಾಡುವಾಗ ಬಾಯಿ ತೆರೆಯುವುದನ್ನು ಎರಡು ಮೂರು ಮಾತಿನಷ್ಟು ತೋರಿಸಿ, ಅಲ್ಲಿ ಕತ್ತರಿಸಿ, ಮಾತು ಬರೆದಿರುವ ಕಾರ್ಡನ್ನು ಅಂಟಿಸುತ್ತೇನೆ. ಬಾಯಿ ಎಷ್ಟು ಹೊತ್ತು ಆಡಬೇಕು ಎನ್ನುವುದನ್ನು ಹೆಚ್ಚಿನ ಸಲ ಯಾರೂ ಗುರುತು ಹಾಕುವುದಿಲ್ಲ. ಅದು ನನ್ನ ಕೈಗೆ ಬಿಟ್ಟದ್ದು.

ನಿನ್ನ ಸಿನಿಮಾ ನನ್ನ ಮೇಜಿಗೆ ಬರಬೇಕಾದ್ದಲ್ಲ. ಅದನ್ನು ಮಾಡಬೇಕಿದ್ದ ಹೆಂಗಸು ಸೆಪ್ಟೆಂಬರಿನಲ್ಲಿ ಹೆರಿಗೆಗೆ ಹೋದಳು, ಡಬ್ಬಗಳು ನನ್ನ ಕಡೆ ಬಂದವು. ಮೊದಲು ಖುಷಿಪಟ್ಟೆ ಕಣೋ. ನನ್ನ ಗಂಡ, ಸೈಬೀರಿಯಾದ ಸೆರೆಯಿಂದ ಬೈಕಲ್ ಸರೋವರದ ಮಂಜುಗಡ್ಡೆಯ ಮೇಲೆ ನಡೆದು ತಪ್ಪಿಸಿಕೊಂಡು ಬಂದವನು, ತನ್ನ ಪಾತ್ರವನ್ನು ತಾನೇ ಮಾಡಿದ್ದಾನೆ; ಅದನ್ನು ನನ್ನ ಕೈಯಿಂದಲೇ ಜೋಡಿಸುತ್ತೇನೆ ಎಂದುಕೊಂಡೆ. ನಿನಗೆ ಹೇಳಲಿಲ್ಲ. ಮೊದಲ ಪ್ರದರ್ಶನದ ದಿನ ಹೇಳಿ ಚಕಿತಗೊಳಿಸೋಣ ಎಂದಿದ್ದೆ.

ಡೈರೆಕ್ಟರ್ ವೆಸ್ಟರ್ಕಾಂಪ್ ಗೆಳೆಯ ಸಾಯುವ ದೃಶ್ಯದ ಮೂರು ಟೇಕ್ ಹಾಕಿ ತೋರಿಸಿದ. ದೂರದ ಕ್ಯಾಮೆರಾದಲ್ಲಿ ನೀನೂ, ನನ್ನ ಮೊದಲ ಗಂಡ ಲೋರೆಂಟ್ಸನ ಪಾತ್ರದ ಆ ದಪ್ಪ ನಟನೂ ಉಪ್ಪು ಸುರಿದು ಮಾಡಿದ ಮಂಜಿನಲ್ಲಿ ಕೂತಿದ್ದಿರಿ, ಕಾಳಿನಷ್ಟು ಕಾಣುತ್ತಿದ್ದಿರಿ. ನೀನು ನೋಡಿದ ಕ್ಯಾಮೆರಾ ಅದೊಂದೇ. ಎರಡನೆಯದು ಗುಡಾರದ ಸಂದಿಯಲ್ಲಿತ್ತು, ಉದ್ದ ಲೆನ್ಸಿನದು, ನಿನ್ನ ಮುಖವನ್ನಷ್ಟೇ ಹಿಡಿಯುತ್ತಿತ್ತು. ವೆಸ್ಟರ್ಕಾಂಪ್ ನನಗೆ ಹೆಮ್ಮೆಯಿಂದ ಹೇಳಿದ: "ಅವರಿಗೆ ಗೊತ್ತಾದ್ರೆ ಮರದ ಗೊಂಬೆ ಆಗ್ಬಿಡ್ತಾರೆ ಅಂತ ಬಚ್ಚಿಟ್ಟಿದ್ದೆ. ಮೊದಲೆರಡು ಸಲ ಬರೆದುಕೊಟ್ಟಿದ್ದನ್ನ ಒಪ್ಪಿಸ್ತಾ ಇದ್ರು. ಆಮೇಲೆ ಮನಸ್ಸು ಕರಗಲಿ ಅಂತ ಪಕ್ಕದಲ್ಲಿ ಪಿಟೀಲು ಬಾರಿಸೋಕೆ ಹೇಳಿ, 'ಅವತ್ತು ಏನು ಹೇಳಿದ್ರೋ ಅದನ್ನೇ ಹೇಳ್ರಿ, ಯಾರಿಗೂ ಕೇಳಲ್ಲ, ಕ್ಯಾಮೆರಾಕ್ಕೆ ಕಿವಿಯಿಲ್ಲ' ಅಂದೆ. ನೋಡಿ ಹೇಗೆ ಬಂದಿದೆ."

ನಿಜ. ಬಹಳ ಚೆನ್ನಾಗಿ ಬಂದಿದೆ. ಗಡ್ಡವಿಲ್ಲದ ನಾಯಕನೇ ಹೆಂಗಸರಿಗೆ ಇಷ್ಟ ಎಂದು ಸೈಬೀರಿಯಾದ ಕೈದಿಗೆ ನುಣ್ಣಗೆ ಕ್ಷೌರ ಮಾಡಿಸಿದ್ದರಲ್ಲ, ತುಟಿಯ ಒಂದೊಂದು ಮಡಿಕೆಯೂ ಕಾಣುತ್ತದೆ.

ನಾನು ತುಟಿ ಓದುತ್ತೇನೆಂದು ನಿನಗೆ ಚೆನ್ನಾಗಿ ಗೊತ್ತು. ಗೊತ್ತಿರುವುದಕ್ಕೇ ತಾನೇ ನನ್ನನ್ನು ಬೈಯಬೇಕಾದಾಗಲೆಲ್ಲ ಗೋಡೆಗೆ ಮುಖ ತಿರುಗಿಸುತ್ತೀ. ನಾಲ್ಕು ವರ್ಷ ಆ ಗೋಡೆ ಏನೇನು ಕೇಳಿಸಿಕೊಂಡಿದೆಯೋ. ಆದರೆ ಸ್ಟುಡಿಯೋದಲ್ಲಿ ಗೋಡೆ ನಿನ್ನ ಹಿಂದಿತ್ತು, ಆಲ್ವಿನ್.

ಮೂರನೆಯ ಟೇಕಿನಲ್ಲಿ ನೀನು ಹೇಳಿದ್ದನ್ನು ಬರೆಯುತ್ತೇನೆ. "ಬೂಟು ಬಿಚ್ಚು ಕಣೋ ಲೋರೆಂಟ್ಸ್. ನಿನ್ ಕೈಲಿ ನಡೆಯಕ್ಕಾಗಲ್ಲ, ನಿನಗ್ಯಾಕೆ ಅದು. ಇಲ್ಲೇ ಕೂತಿರು, ಹಳ್ಳಿ ಸಿಕ್ಕಿದ ತಕ್ಷಣ ಬರ್ತೀನಿ. ಹಾಗೆ ನೋಡಬೇಡ ನನ್ನ." ಇದಾದ ಮೇಲೂ ಸ್ವಲ್ಪ ಹೇಳುತ್ತೀ. ಅದನ್ನು ಈಗ ಬರೆಯಲಾರೆ.

ಸತ್ತವನಿಗೆ ಯಾರೂ "ಹಾಗೆ ನೋಡಬೇಡ" ಎನ್ನುವುದಿಲ್ಲ.

ಪ್ರೊಜೆಕ್ಟರ್ ಹುಡುಗಿಗೆ ಹೇಳಿ ಇನ್ನೊಂದು ಸಲ ಹಾಕಿಸಿದೆ. ಆಮೇಲೆ ಇನ್ನೊಂದು ಸಲ. ತುಟಿ ಮೋಸ ಮಾಡುತ್ತದೆ, ನನಗೂ ಗೊತ್ತು. ಮ, ಬ, ಪ ಮೂರೂ ಒಂದೇ ಥರ ಕಾಣುತ್ತವೆ. ನಮ್ಮ ಜರ್ಮನ್‌ನಲ್ಲಿ ತಾಯಿ ಅಂದರೂ ಬೆಣ್ಣೆ ಅಂದರೂ ತುಟಿಯ ಮೇಲೆ ಒಂದೇ. ಮದ್ದುಗುಂಡಿನ ಕಾರ್ಖಾನೆ ಸಿಡಿದು ನನ್ನ ಕಿವಿ ಹೋದ ಹೊಸತು, ಆ ಟರ್ನಿಪ್ ಚಳಿಗಾಲದ ಕೊನೆ, ಬೆಳಿಗ್ಗೆಗೆ ಟರ್ನಿಪ್ ಗಂಜಿ, ಮಧ್ಯಾಹ್ನಕ್ಕೆ ಟರ್ನಿಪ್, ಕಾಫಿಗೂ ಹುರಿದ ಟರ್ನಿಪ್. ಲೋರೆಂಟ್ಸನ ತಂಗಿ ಮಿನ್ನಾ ನನ್ನೆದುರು ಕೂತು ತುಟಿ ಓದುವುದನ್ನು ಕಲಿಸುತ್ತಿದ್ದಳು. ಹುಟ್ಟಿನಿಂದ ಕಿವುಡಿ ಅವಳು, ಬ್ರೆಸ್ಲೌನಲ್ಲಿ ಅವಳಷ್ಟು ಚುರುಕಾಗಿ ತುಟಿ ಓದುವವರಿಲ್ಲ. ಒಂದು ದಿನ ಕಿಟಕಿಯಲ್ಲಿ ನೋಡಿ "ಅಮ್ಮ ಬಂದ್ಲು" ಎಂದಳು. ನಾನು ಬೆಣ್ಣೆ ಬಂತು ಎಂದು ಓದಿಕೊಂಡು ಬ್ರೆಡ್ಡು ಚಾಕು ಎರಡನ್ನೂ ಎತ್ತಿಕೊಂಡು ಬಾಗಿಲಿಗೆ ಓಡಿದೆ. ಅತ್ತೆ ನನ್ನ ಕೈಯಲ್ಲಿ ಚಾಕು ನೋಡಿ ಎರಡು ಮೆಟ್ಟಿಲು ಹಿಂದೆ ಇಳಿದರು. ಆ ವರ್ಷ ನಾವು ನಕ್ಕದ್ದು ಅದೊಂದೇ ಸಲ. ಹಾಗೆ ತಪ್ಪಾಗಿರಲಿ ಎಂದು ನಾನು ನಿನ್ನ ಬಾಯಿಯನ್ನು ಮತ್ತೆ ಮತ್ತೆ ನೋಡಿದೆ. ಬೂಟು ಎನ್ನುವ ಮಾತು ಬೇರೆ ಯಾವ ಮಾತಿನ ಹಾಗೂ ಕಾಣುವುದಿಲ್ಲ.

ಬೂಟು ಎಂದೆನಲ್ಲ. ಊರೂರಿನ ಚಿತ್ರಮಂದಿರದಲ್ಲಿ ಈಗ ಗಾಜಿನ ಪೆಟ್ಟಿಗೆಯೊಳಗೆ ಇಟ್ಟು ತೋರಿಸುತ್ತಿರುವ ಆ ಬೂಟನ್ನು ನಾನು ನಾಲ್ಕು ಚಳಿಗಾಲ ಕೊಬ್ಬು ಹಚ್ಚಿ ತಿಕ್ಕಿದ್ದೇನೆ. ನಿನ್ನ ಕಾಲಿಗೆ ದೊಡ್ಡದು, ತುದಿಯಲ್ಲಿ ಪೇಪರ್ ತುರುಕಿಕೊಳ್ಳುತ್ತಿದ್ದೆ. ಕೇಳಿದ್ದಕ್ಕೆ, "ಅಲ್ಲಿನ ಬುರ್ಯಾತ್ ಬೇಟೆಗಾರನ ಹತ್ರ ಗಡಿಯಾರ ಕೊಟ್ಟು ತಗೊಂಡೆ, ಅವರ ಕಾಲು ದೊಡ್ಡದು" ಎಂದೆ. ನಾನು ನಂಬಿದೆ. ಲೋರೆಂಟ್ಸನ ಕಾಲು ಎಷ್ಟು ದೊಡ್ಡದೆಂದು ಅವನ ಹೆಂಡತಿಯಾಗಿದ್ದ ನನಗೆ ಗೊತ್ತಿರಲಿಲ್ಲವೇ? ಕಾಲುಚೀಲ ಹೆಣೆದವಳು ನಾನೇ. ಎಂಥ ದಡ್ಡಿ.

ಬೂಟು ತೆಗೆದದ್ದಕ್ಕೆ ಸಿಟ್ಟು ಎಂದುಕೊಳ್ಳಬೇಡ. ಆ ಚಳಿಯಲ್ಲಿ ಒಬ್ಬನಾದರೂ ಬದುಕಲಿ ಎಂದು ಯಾರಿಗಾದರೂ ಅನಿಸುತ್ತದೆ, ನನಗೂ ಅನಿಸುತ್ತಿತ್ತೋ ಏನೋ. ಬಿಟ್ಟು ಬಂದದ್ದನ್ನೂ ಒಂದು ದಿನ ನುಂಗಿಕೊಂಡೇನು. ವಾಪಸ್ ಹೋಗಿ ನೋಡಿದೆಯಾ ಇಲ್ಲವಾ ಎನ್ನುವುದು ನಿನ್ನ ತುಟಿಯ ಮೇಲೆ ಬಂದಿಲ್ಲ, ಅದು ನನಗೆ ತಿಳಿಯದು. ಸಿಟ್ಟು ಆಮೇಲಿನದ್ದಕ್ಕೆ. ಇಪ್ಪತ್ತನೇ ಇಸವಿಯ ವಸಂತದಲ್ಲಿ ನೀನು ಬ್ರೆಸ್ಲೌಗೆ ಬಂದು, ಅತ್ತೆಯ ಅಡುಗೆಮನೆಯಲ್ಲಿ ಕೂತು, ಅವರು ಇದ್ದಬದ್ದ ಸಕ್ಕರೆ ಸುರಿದು ಮಾಡಿದ ಕೇಕನ್ನು ತಿನ್ನುತ್ತಾ ಹೇಳಿದೆಯಲ್ಲ, ಅದಕ್ಕೆ. ಮಿನ್ನಾ ನಿನ್ನ ಗಡ್ಡ ತೋರಿಸಿ ಕೈಸನ್ನೆಯಲ್ಲೇ ಜಗಳ ತೆಗೆದಳು, ಗಡ್ಡ ಇದ್ದರೆ ಓದುವುದಕ್ಕಾಗಲ್ಲ, ಬೋಳಿಸಿಕೊಂಡು ಬಾ ಎಂದು. ನೀನು ಮರುದಿನ ಬೋಳಿಸಿಕೊಂಡು ಬಂದು ಅವಳ ಮುಂದೆ ಕೂತು, ನಿಧಾನವಾಗಿ, ಒಂದೊಂದೇ ಮಾತು ಬಿಡಿಸಿ ಹೇಳಿದೆ: "ನನ್ನ ತೋಳಲ್ಲೇ ಪ್ರಾಣ ಬಿಟ್ಟ. ಕೊನೇಲಿ ಒಂದೇ ಮಾತು ಆಡಿದ. ಎರ್ನಾ ಅಂದ. ಅಷ್ಟೇ." ಅತ್ತೆ ಮೂರು ಸಲ ಹೇಳಿಸಿಕೊಂಡರು. ಆ ಶರತ್ಕಾಲದಲ್ಲಿ ಅವರು ಸಮಾಧಾನವಾಗಿ ಸತ್ತರು. ನಾನು ಎರಡು ವರ್ಷದ ಮೇಲೆ ನಿನ್ನನ್ನು ಮದುವೆಯಾದೆ.

ನಿನ್ನ ರೂಪ ನೋಡಿ ಆದದ್ದಲ್ಲ, ಅದು ನಿನಗೆ ತಿಳಿದಿರಲಿ. ನಿನ್ನ ಜಾಣತನಕ್ಕಂತೂ ಅಲ್ಲ. ಆ ಒಂದು ಮಾತು ತಂದುಕೊಟ್ಟವನೆಂದು ಆದೆ. ದಿನಾ ಬೆಳಿಗ್ಗೆ ಎದ್ದು ನಿನ್ನ ಮುಖ ನೋಡಿದರೆ ನನಗೆ ಅವನು ಕೊನೆಗೆ ನನ್ನ ಹೆಸರು ಹೇಳಿದ ಎನ್ನುವುದು ನೆನಪಾಗುತ್ತಿತ್ತು. ಅದರ ಮೇಲೆ ನಾನು ನಾಲ್ಕು ವರ್ಷ ಅಡುಗೆ ಮಾಡಿದೆ, ಹಾಸಿಗೆ ಹಾಸಿದೆ, ಬೂಟು ತಿಕ್ಕಿದೆ.

ಆ ದೃಶ್ಯದ ಕಾರ್ಡಿನಲ್ಲಿ ಏನು ಬರೆದಿದೆ ನಿನಗೆ ಗೊತ್ತು. "ಮಲಗು, ಗೆಳೆಯಾ. ನಿನ್ನ ಕೊನೆಯ ಮಾತನ್ನು ಅವಳಿಗೆ ತಲುಪಿಸುತ್ತೇನೆ." ಬಳ್ಳಿ ಬಿಡಿಸಿದ ಅಂಚು ಬೇರೆ. ವೆಸ್ಟರ್ಕಾಂಪ್ ಮೂರನೆಯ ಟೇಕನ್ನೇ ಆರಿಸಿದ. ರೂಢಿಯ ಪ್ರಕಾರ ನಾನು ಎರಡು ಮಾತಿಗೆ ಕತ್ತರಿಸಿ ಕಾರ್ಡು ಹಾಕಬೇಕಿತ್ತು. ಹಾಕಲಿಲ್ಲ. ಮಾತು ಮುಗಿಯುವವರೆಗೂ ಬಿಟ್ಟು ಆಮೇಲೆ ಕಾರ್ಡು ಅಂಟಿಸಿದೆ. ವೆಸ್ಟರ್ಕಾಂಪ್ ನೋಡಿ, "ಇಷ್ಟುದ್ದ ಯಾರಾದ್ರೂ ಬಿಡ್ತಾರೇನ್ರಿ" ಎಂದ, ಇನ್ನೊಮ್ಮೆ ನೋಡಿ, "ಇರಲಿ ಬಿಡಿ, ಮುಖ ಹಿಡಿದು ನಿಲ್ಲಿಸತ್ತೆ" ಎಂದ. ಆ ನೆಗೆಟಿವ್‌ನಿಂದಲೇ ಎಲ್ಲ ಊರಿನ ಪ್ರತಿಗಳೂ ತಯಾರಾದವು. ಅಂದರೆ ನೀನು ಪ್ರತಿ ಸಂಜೆ ಸ್ಟೇಜಿನ ಮೇಲೆ ನಿಂತು "ನನ್ನ ತೋಳಲ್ಲೇ ಪ್ರಾಣ ಬಿಟ್ಟ" ಎಂದು ಹೇಳಿ, ಮೆದು ಮನಸ್ಸು ತಡೆಯಲಾರದೆ ಬಿಯರ್ ಕುಡಿಯಲು ಹೊರಗೆ ಹೋಗುತ್ತೀಯಲ್ಲ, ಆಗ ಒಳಗೆ ನಿನ್ನ ಬಾಯಿ ಮನೆಯಷ್ಟು ದೊಡ್ಡದಾಗಿ ನಿಂತು ನಿಜ ಹೇಳುತ್ತಿರುತ್ತದೆ. ಕಿವಿ ಇರುವವರು ಕಾರ್ಡು ಓದಿ ಮೂಗು ಒರೆಸಿಕೊಳ್ಳುತ್ತಾರೆ.

ಕಿವಿ ಇಲ್ಲದವರ ವಿಷಯ ಈಗ ಬಂತು. ಕಳೆದ ವಾರ ಮಿನ್ನಾಳ ಕಾಗದ ಬಂತು. ಅವಳು ಮಾತಾಡುವ ಹಾಗೆಯೇ ಬರೆಯುತ್ತಾಳೆ, ಇಲ್ಲಿ ಇದ್ದ ಹಾಗೆ ಇಳಿಸುತ್ತೇನೆ. "ಎರ್ನಾ, ಸತ್ತವರ ಭಾನುವಾರ ಎಲ್ಲರೂ ಗೋರಿಗೆ ಹೂ ಇಡೋಕೆ ಹೋಗ್ತಾರೆ. ನಮ್ಮಣ್ಣಂಗೆ ಗೋರಿ ಎಲ್ಲಿದೆ. ಅವತ್ತು ಇಲ್ಲಿ ಕುಣಿತ ಗಿಣಿತ ಇರೋ ಸಿನಿಮಾ ಎಲ್ಲ ಬಂದ್, ಆಲ್ವಿನ್‌ದು ಮಾತ್ರ ಗಂಭೀರವಾದದ್ದು ಅಂತ ಬಿಟ್ಟಿದ್ದಾರೆ. ಅದಕ್ಕೇ ಗೋರಿ ಬದಲು ನಾನು ಸಿನಿಮಾಕ್ಕೆ ಹೋಗ್ತೀನಿ. ನಮ್ಮ ಕಿವುಡರ ಸಂಘದವರೂ ಬರ್ತಾರೆ, ಮುಂದಿನ ಎರಡು ಸಾಲು ಹಿಡಿದಿದೀವಿ. ನೀನೂ ಬಾ. ಕಪ್ಪು ಉಡುಪು ಹಾಕ್ಕೊಂಡು ಬಾ. ಆಲ್ವಿನ್ ಸ್ಟೇಜ್ ಮೇಲೆ ನಿಂತು ಹೇಳೋದನ್ನ ಎಲ್ಲರಿಗೂ ನಾನೇ ಕೈಯಲ್ಲಿ ಹೇಳ್ತೀನಿ ಅಂತ ಒಪ್ಕೊಂಡಿದೀನಿ."

ಇದನ್ನು ಓದಿದಾಗ ನನಗೆ ನಗು ಬಂತು, ಒಳ್ಳೆಯ ನಗುವಲ್ಲ. ಮೂವತ್ತು ಜನ ಕಿವುಡರು, ಮುಂದಿನ ಎರಡು ಸಾಲು, ನಿನ್ನ ತುಟಿ ಅವರ ತಲೆಯ ಮೇಲೆ. ನೀನು ಬಿಯರ್ ಮುಗಿಸಿ ಒಳಗೆ ಬರುವಷ್ಟರಲ್ಲಿ ಅವರ ಕೈಗಳು ಎಲ್ಲ ಆಡಿ ಮುಗಿದಿರುತ್ತವೆ. ನಗು ನಿಂತ ಮೇಲೆ ಮಿನ್ನಾಳ ಮುಖ ಕಣ್ಣಿಗೆ ಕಟ್ಟಿತು. ಅವಳು ಹೂ ಇಡಲು ಬರುತ್ತಿದ್ದಾಳೆ, ಆಲ್ವಿನ್. ಅಣ್ಣ ಮಂಜಿನಲ್ಲಿ ಕಣ್ಣು ತೆರೆದುಕೊಂಡು ಬರಿಗಾಲಲ್ಲಿ ಕೂತಿದ್ದ ಎನ್ನುವುದನ್ನು ಅವಳು ನಿನ್ನ ಬಾಯಿಂದ, ಕತ್ತಲಲ್ಲಿ, ಮೂವತ್ತು ಜನರ ನಡುವೆ ಓದಬೇಕು. ನಾನು ಸಿಟ್ಟಿನಲ್ಲಿ ಅಂಟಿಸಿದ್ದನ್ನು ಈಗ ಬಿಡಿಸಲಾಗುವುದಿಲ್ಲ, ಪ್ರತಿಗಳು ಹೊರಟುಹೋಗಿವೆ.

ಆದ್ದರಿಂದ ಹೇಳುತ್ತೇನೆ ಕೇಳು. ಭಾನುವಾರ ಸಂಜೆ ಆರು ಗಂಟೆಗೆ, ದೀಪ ಆರುವ ಮುಂಚೆ, ನೀನು ಸ್ಟೇಜಿಗೆ ಬರುತ್ತೀ. ದಿನದ ಗಿಣಿಪಾಠ ಬೇಡ. ಏನು ನಡೆಯಿತೋ ಅದನ್ನು ಹೇಳು. ಹಾಗೆ ಹೇಳಿದರೆ ಮಿನ್ನಾ ಅದನ್ನು ಬೆಳಕಿನಲ್ಲಿ, ಮನುಷ್ಯನ ಮುಖದಿಂದ ಓದುತ್ತಾಳೆ. ಎದ್ದು ಹೋಗಬೇಕೆನಿಸಿದರೆ ಎದ್ದು ಹೋಗುತ್ತಾಳೆ. ನಿನ್ನ ಮೇಲೆ ಉಗಿಯಬೇಕೆನಿಸಿದರೆ ಅದಕ್ಕೂ ನೀನು ಎದುರಿಗೇ ಇರುತ್ತೀ. ಕಂಪನಿಯವರು ಕೂಗಾಡುತ್ತಾರೆ, ಪೇಪರಿನವರು ಬೆನ್ನು ಹತ್ತುತ್ತಾರೆ, ಗಾಜಿನ ಪೆಟ್ಟಿಗೆ ಖಾಲಿಯಾಗುತ್ತದೆ. ಆಗಲಿ ಬಿಡು. ಶನಿವಾರದ ರೈಲಿಗೆ ಬರುತ್ತಿದ್ದೇನೆ, ಮಿನ್ನಾಳ ಮನೆಯಲ್ಲಿ ಇರುತ್ತೇನೆ. ನಾನು ಹೋಟೆಲಿಗೆ ಬರುವುದಿಲ್ಲ, ನೀನೂ ಮಿನ್ನಾಳ ಮನೆಗೆ ಬರಬೇಡ.

ಆಮೇಲೆ ನಮ್ಮಿಬ್ಬರದು ಏನು ಎಂದು ನನಗೆ ಗೊತ್ತಿಲ್ಲ. ಚಪ್ಪಲಿ ಕಳಿಸಿದ್ದೇನೆ, ಬೀಗ ಬದಲಿಸಿಲ್ಲ. ಇಷ್ಟು ತಿಳಿದುಕೋ.

ದೇವರು ನಿನಗೆ ಗಟ್ಟಿ ಗಂಟಲನ್ನೂ ನಿಲ್ಲುವಷ್ಟು ಕಾಲನ್ನೂ ಕೊಡಲಿ. ಬ್ರೆಸ್ಲೌನಲ್ಲಿ ಗಾಳಿ ಜೋರು, ಕೋಟು ಹಾಕಿಕೋ. ಹೊಟ್ಟೆ ಹಸಿದುಕೊಂಡು ಸ್ಟೇಜು ಹತ್ತಬೇಡ, ನಿನಗೆ ತಲೆ ಸುತ್ತುತ್ತದೆ.

ಇನ್ನೂ ನಿನ್ನ ಹೆಸರಿಟ್ಟುಕೊಂಡಿರುವ,
ಎರ್ನಾ

ಮರೆತ ಮಾತು: ಮರೆತಿರಲಿಲ್ಲ. ಮೇಲೆ ಒಂದು ಸುಳ್ಳು ಬರೆದಿದ್ದೇನೆ. ಮಾತು ಮುಗಿಯುವವರೆಗೂ ಬಿಟ್ಟೆ ಎಂದೆನಲ್ಲ, ಬಿಡಲಿಲ್ಲ. "ಹಾಗೆ ನೋಡಬೇಡ ನನ್ನ" ಎಂಬಲ್ಲಿಗೆ ಕತ್ತರಿಸಿದೆ. ಅದರ ಮುಂದೆ ಒಂದೂವರೆ ಮೀಟರ್ ಇತ್ತು. ಅದರಲ್ಲಿ ನೀನು ಹೇಳುತ್ತೀ: "ಯಾರಿಗೋಸ್ಕರ ನಡೀತೀಯ. ಹನ್ನೊಂದು ತಿಂಗಳಾಯ್ತು, ಅವಳದ್ದು ಒಂದು ಕಾಗದ ಬಂತಾ." ಒಂದು ಇಡೀ ದಿನ ಈ ಮಾತಿಗಾಗಿ ನಿನ್ನನ್ನು ಕೊಲ್ಲಬೇಕೆನಿಸಿತು. ಆಮೇಲೆ ನೀವು ಮಂಜುಗಡ್ಡೆ ದಾಟಿದ ಹದಿನೆಂಟರ ಜನವರಿಯವರೆಗೆ ತಿಂಗಳು ಎಣಿಸಿದೆ. ಸರಿಯಾಗಿದೆ. ಹದಿನೇಳರ ಫೆಬ್ರವರಿಯಲ್ಲಿ ಲೋರೆಂಟ್ಸನ ಕಾರ್ಡು ಬಂದಿತ್ತು, ಒಂದು ಡಬ್ಬಿ ಹಣ್ಣಿನ ಜಾಮ್ ಕಳಿಸಲಾಗುತ್ತದೆಯೇ ಎಂದು ಕೇಳಿದ್ದ. ನಾವು ಟರ್ನಿಪ್ ತಿನ್ನುತ್ತಿದ್ದೆವು, ಇವನಿಗೆ ಜಾಮ್ ಬೇಕಂತೆ ಎಂದು ನನಗೆ ಉರಿದುಹೋಯಿತು. ಒಂದು ತಿಂಗಳು ಹಾಗೇ ಇರಲಿ ಎಂದು ಬಿಟ್ಟೆ. ಆಮೇಲೆ ಕಾರ್ಖಾನೆ ಸಿಡಿಯಿತು, ಆಮೇಲೆ ಇಷ್ಟು ದಿನದ ಮೇಲೆ ಏನೆಂದು ಬರೆಯುವುದು ಎಂದಾಯಿತು. ಅತ್ತೆಗೂ ಮಿನ್ನಾಗೂ, ಬರೆಯುತ್ತಲೇ ಇದ್ದೇನೆ, ದಾರಿಯಲ್ಲಿ ಕಳೆದುಹೋಗುತ್ತಿವೆ ಎಂದು ಹೇಳಿದೆ. ಅವನು ಕೊನೆಗೆ ನನ್ನ ಹೆಸರು ಹೇಳಿದನೆಂದು ನೀನು ಬಂದು ಹೇಳಿದಾಗ ನಾನು ಯಾಕೆ ಅಷ್ಟು ಅತ್ತುಬಿಟ್ಟೆ ಎಂದು ನೀನು ಯಾವತ್ತೂ ಕೇಳಲಿಲ್ಲ.

ಆ ತುಂಡನ್ನು ಈ ಲಕೋಟೆಯಲ್ಲಿ ಇಟ್ಟಿದ್ದೇನೆ. ನೆಗೆಟಿವ್, ಮುಖ ಕಪ್ಪಗೆ, ಬಾಯಿಯ ಒಳಗು ಬೆಳ್ಳಗೆ ಕಾಣುತ್ತದೆ. ದೀಪಕ್ಕೆ ತೀರ ಹತ್ತಿರ ಹಿಡಿಯಬೇಡ, ಹೊತ್ತಿಕೊಳ್ಳುತ್ತದೆ. ಬೇಕೆಂದೇ ಸುಟ್ಟರೂ ಸುಡಬಹುದು, ಆಗ ಈ ಮಾತು ನಿನಗೂ ನನಗೂ ಬಿಟ್ಟು ಯಾರಿಗೂ ಗೊತ್ತಾಗುವುದಿಲ್ಲ. ಆದರೆ ಭಾನುವಾರ ಬೂಟಿನ ವಿಷಯ ಹೇಳುತ್ತೀಯಾದರೆ ಇದನ್ನೂ ಹೇಳು. ನನ್ನ ಬಾಯಿಂದ ಒಂಬತ್ತು ವರ್ಷ ಬಂದಿಲ್ಲ, ಇನ್ನು ಬರುವುದಿಲ್ಲ. ನಾನು ಮಿನ್ನಾಳ ಪಕ್ಕದಲ್ಲೇ ಕೂತಿರುತ್ತೇನೆ. ಗೋಡೆಯ ಕಡೆ ತಿರುಗಿ ಹೇಳಬೇಡ.